ಮಿಷಿಗನ್ ಅವೆನ್ಯೂ ಪಕ್ಕದ ಎಲೋಯಿಸ್: ಕೌಂಟಿಯ ಬಡವರ ಮನೆ, ಅದರ ಹೊಲ. ಗೊತ್ತಿದ್ದವರು ಹೇಳಿ

ಸುಮಾ_ಕ್ಯಾಂಟನ್
ಎಲ್ಲರಿಗೂ ನಮಸ್ಕಾರ. ನಾವಿರೋದು ಅಮೆರಿಕದ ಮಿಷಿಗನ್ ರಾಜ್ಯದ ಕ್ಯಾಂಟನ್‌ನಲ್ಲಿ, ಡೆಟ್ರಾಯ್ಟ್‌ನಿಂದ ಪಶ್ಚಿಮಕ್ಕೆ. ಕೆಲಸಕ್ಕೆ ಡಿಯರ್‌ಬಾರ್ನ್‌ಗೆ ಹೋಗುವಾಗ ದಿನಾ ಮಿಷಿಗನ್ ಅವೆನ್ಯೂ ಹಿಡಿಯುತ್ತೇನೆ. ವೆಸ್ಟ್‌ಲ್ಯಾಂಡ್ ದಾಟುವಾಗ ಐದು ಅಂತಸ್ತಿನ ಹಳೇ ಇಟ್ಟಿಗೆ ಕಟ್ಟಡ ಒಂದು ಕಾಣುತ್ತದೆ. ಎಲೋಯಿಸ್ ಅಂತಾರೆ. ಇಷ್ಟು ವರ್ಷ ಯಾವುದೋ ಮುಚ್ಚಿದ ಆಸ್ಪತ್ರೆ ಅಂದುಕೊಂಡಿದ್ದೆ.

ಮೊನ್ನೆ ಮಗ ಶಾಲೆಯಿಂದ ಬಂದವನೇ "ಅಮ್ಮಾ, ಅಲ್ಲಿ ದೆವ್ವದ ಮನೆ ಮಾಡ್ತಾರಂತೆ, ಟಿಕೆಟ್ ತಗೊಂಡು ಒಳಗೆ ಹೋಗಬಹುದಂತೆ, ಎಲ್ಲರೂ ಹೋಗ್ತಿದ್ದಾರೆ" ಅಂದ. ಕಳಿಸೋದಕ್ಕೆ ಮುಂಚೆ ಅದೇನು ಅಂತ ನೋಡೋಣ ಅಂತ ಲೈಬ್ರರಿಗೆ ಹೋದೆ. ಓದಿದ್ದು ನೋಡಿ ರಾತ್ರಿ ನಿದ್ದೆ ಬರಲಿಲ್ಲ. ಅದು ಶುರುವಾಗಿದ್ದು ವೇಯ್ನ್ ಕೌಂಟಿಯ (ಕೌಂಟಿ ಅಂದರೆ ನಮ್ಮ ಜಿಲ್ಲೆಯ ಥರ) ಬಡವರ ಮನೆಯಾಗಿ, ಅಂದರೆ ಗತಿ ಇಲ್ಲದವರನ್ನು ಕೌಂಟಿಯ ಖರ್ಚಿನಲ್ಲಿ ಇಡುತ್ತಿದ್ದ ಜಾಗವಾಗಿ. ಸುತ್ತ ಹೊಲ, ದನದ ಕೊಟ್ಟಿಗೆ, ಹಂದಿ ಸಾಕಣೆ. ಹತ್ತಿರದಲ್ಲೇ ಹೆನ್ರಿ ರಫ್ ರಸ್ತೆಯಲ್ಲಿ 7,100ಕ್ಕೂ ಹೆಚ್ಚು ಜನರ ಸಮಾಧಿ. ಗುರುತಿನ ಕಲ್ಲಿನ ಮೇಲೆ ಹೆಸರಿಲ್ಲ, ಬರೀ ನಂಬರ್.

ನನ್ನ ಪ್ರಶ್ನೆ ಇಷ್ಟೇ. ಕೌಂಟಿಗೆ ಹೊಲ ಯಾಕೆ ಬೇಕಿತ್ತು? ಅಲ್ಲಿ ಇದ್ದವರು ಯಾರು? ಅವರನ್ನು ದುಡಿಸಿಕೊಳ್ಳುತ್ತಿದ್ದರಾ, ಸಾಕುತ್ತಿದ್ದರಾ? ಹನ್ನೆರಡು ವರ್ಷದ ಹುಡುಗನಿಗೆ ಇದನ್ನು ಹೇಗೆ ಹೇಳೋದು?

ಗಿರೀಶ_ನೋವಿ
ಸುಮಾ ಅವರೇ, ಒಳ್ಳೇ ವಿಷಯ ಎತ್ತಿದ್ದೀರಿ. ನಾನು ಇದರ ಬಗ್ಗೆ ಮೂರ್ನಾಲ್ಕು ವರ್ಷದಿಂದ ಓದುತ್ತಾ ಇದ್ದೇನೆ. ಸ್ವಲ್ಪ ಉದ್ದ ಆಗುತ್ತದೆ, ತಾಳ್ಮೆಯಿಂದ ಓದಿ.

ವೇಯ್ನ್ ಕೌಂಟಿಯ ಮೊದಲ ಬಡವರ ಮನೆ ಇದ್ದಿದ್ದು ಡೆಟ್ರಾಯ್ಟ್ ಪಕ್ಕದಲ್ಲೇ, ಗ್ರ್ಯಾಷಿಯಟ್ ರಸ್ತೆಯಲ್ಲಿ. 1832ರಲ್ಲಿ ಶುರು. ಕೆಲವೇ ವರ್ಷದಲ್ಲಿ ಅದು ಹಾಳುಬಿತ್ತು, ಜಾಗವೂ ಸಾಲಲಿಲ್ಲ. 1839ರಲ್ಲಿ ಕೌಂಟಿಯವರು ನ್ಯಾಂಕಿನ್ ಟೌನ್‌ಶಿಪ್‌ನಲ್ಲಿ 280 ಎಕರೆ ಕೊಂಡರು. ಆ ಜಾಗದಲ್ಲಿ ಬ್ಲ್ಯಾಕ್ ಹಾರ್ಸ್ ಅನ್ನುವ ಹೋಟೆಲ್ ಇತ್ತು. ಡೆಟ್ರಾಯ್ಟ್‌ನಿಂದ ಷಿಕಾಗೋ ಕಡೆ ಹೋಗುವ ಕುದುರೆ ಗಾಡಿಗಳು ಅಲ್ಲಿ ನಿಲ್ಲುತ್ತಿದ್ದವು. ಈಗ ನೀವು ದಿನಾ ಕಾರ್ ಓಡಿಸುವ ರಸ್ತೆಯೇ ಅದು.

ಹಳೇ ಮನೆಯಿಂದ ಹೊಸ ಜಾಗಕ್ಕೆ ಹೊರಟವರು 35 ಜನ. ಬರಲ್ಲ ಅಂತ ಹಟ ಹಿಡಿದವರು 111 ಜನ. ಅಂಥ ಘೋರ ಕಾಡಿಗೆ ಹೋಗಿ ಬದುಕೋದುಂಟಾ ಅಂತ ಅವರ ವಾದ. ಊಟಕ್ಕೆ ಗತಿ ಇಲ್ಲದವರೂ ಅಷ್ಟು ದೂರ ಹೋಗೋಕೆ ಒಪ್ಪಲಿಲ್ಲ. ಈ ಎರಡು ಸಂಖ್ಯೆ ಓದಿದಾಗಿನಿಂದ ನನ್ನ ತಲೆಯಲ್ಲೇ ಕೂತಿವೆ.

ಆಮೇಲೆ ಅದು ಬೆಳೆದದ್ದು ನಂಬೋಕಾಗಲ್ಲ. 280 ಎಕರೆ ಇದ್ದದ್ದು 902 ಎಕರೆ ಆಯಿತು. 75ಕ್ಕೂ ಹೆಚ್ಚು ಕಟ್ಟಡ. ಸ್ವಂತ ಬೇಕರಿ, ಸ್ವಂತ ಕರೆಂಟು, ಪೊಲೀಸು, ಅಗ್ನಿಶಾಮಕ ದಳ, ಅಂಚೆ ಕಚೇರಿ, ಡೈರಿ, ಹಸಿರುಮನೆ, ಹಣ್ಣು ತರಕಾರಿ ಡಬ್ಬಿಗೆ ತುಂಬುವ ಘಟಕ, ತಂಬಾಕು ಹದ ಮಾಡುವ ಕಟ್ಟಡ ಕೂಡ. 1930ರ ದಶಕದ ಆರ್ಥಿಕ ಕುಸಿತದಲ್ಲಿ ಕಾರ್ ಕಾರ್ಖಾನೆಗಳು ಕೆಲಸಗಾರರನ್ನು ಮನೆಗೆ ಕಳಿಸಿದಾಗ ಇಲ್ಲಿ ಸುಮಾರು 10,000 ಜನ ಇದ್ದರು.

ರಾಗಿಮುದ್ದೆ
902 ಎಕರೆ! ನಮ್ಮೂರಿನ ಕೆರೆ, ಗೋಮಾಳ, ಹೊಲ ಎಲ್ಲಾ ಸೇರಿಸಿದರೂ ಅಷ್ಟಾಗಲ್ಲ.

ಹಾಸನದ_ಹುಡುಗ
ಎಲೋಯಿಸ್ ಅಂದರೆ ಅಲ್ಲಿ ಮೊದಲು ಸೇರಿಸಿದ ರೋಗಿಯ ಹೆಸರಂತೆ. ನನ್ನ ಆಫೀಸಿನಲ್ಲಿ ಇಲ್ಲೇ ಹುಟ್ಟಿ ಬೆಳೆದವರೊಬ್ಬರು ಹೇಳಿದರು.

ಗಿರೀಶ_ನೋವಿ
ಇಲ್ಲ ಹಾಸನದವರೇ, ಈ ಕಥೆ ಬಹಳ ಕಡೆ ಓಡಾಡುತ್ತಿದೆ. 1894ರಲ್ಲಿ ಅಲ್ಲಿಗೆ ಅಂಚೆ ಕಚೇರಿ ಬಂತು. ಅದಕ್ಕೊಂದು ಹೆಸರು ಬೇಕಿತ್ತು. ಡೆಟ್ರಾಯ್ಟ್‌ನ ಪೋಸ್ಟ್‌ಮಾಸ್ಟರ್ ಫ್ರೀಮನ್ ಡಿಕರ್ಸನ್ ಅವರ ಪುಟ್ಟ ಮಗಳ ಹೆಸರು ಎಲೋಯಿಸ್. ಅದನ್ನೇ ಇಟ್ಟರು. ಪತ್ರಗಳ ಮೇಲೆ "ಎಲೋಯಿಸ್, ಮಿಷಿಗನ್" ಅಂತ ಬರೆದೂ ಬರೆದೂ ಇಡೀ ಸಂಸ್ಥೆಗೆ ಅದೇ ಹೆಸರು ಅಂಟಿತು.

ಭಾರತಿ_ಟೀಚರ್
ಸುಮಾ, ನಿಮ್ಮ ಮಗನಿಗೆ ಹೇಳುವಾಗ ಕನ್ನಡದಲ್ಲಿ "ಧರ್ಮಛತ್ರ" ಅಂತ ಹೇಳಬಹುದು ಅಲ್ವಾ? ಹಳೇ ನಿಘಂಟುಗಳಲ್ಲೂ ಇಂಥದಕ್ಕೆ ಛತ್ರ, ಧರ್ಮಶಾಲೆ ಅಂತಲೇ ಅರ್ಥ ಕೊಡುತ್ತಾರೆ.

ತುಂಗಾತೀರ
ಟೀಚರ್, ಕ್ಷಮಿಸಿ, ಇದನ್ನು ನಾನು ಒಪ್ಪಲ್ಲ. ಛತ್ರ ಇದ್ದದ್ದು ದಾರಿಹೋಕರಿಗೆ. ದಾರಿಹೋಕ ಬಂದ, ಉಂಡ, ಮಲಗಿದ, ಬೆಳಗ್ಗೆ ಎದ್ದು ಹೋದ. ನೀನು ಬಡವನಾ, ನಿಜವಾಗಿ ಗತಿ ಇಲ್ಲವಾ ಅಂತ ಯಾರೂ ವಿಚಾರಣೆ ಮಾಡುತ್ತಿರಲಿಲ್ಲ. ಇಲ್ಲಿ ಹಾಗಲ್ಲ. ಕೌಂಟಿಗೆ ಬಡವರ ಮೇಲ್ವಿಚಾರಕರು ಅಂತ ಅಧಿಕಾರಿಗಳಿದ್ದರು. ಅವರ ಮುಂದೆ ನಿಂತು ನನಗೆ ಏನೂ ಇಲ್ಲ, ಯಾರೂ ಇಲ್ಲ ಅಂತ ಹೇಳಬೇಕು. ಹೆಸರು ದಫ್ತರಕ್ಕೆ ಸೇರುತ್ತದೆ. ಒಳಗೆ ಹೋದ ಮೇಲೆ ನೀವು ಅಲ್ಲಿನ "ಇನ್‌ಮೇಟ್". ಜೈಲಿನಲ್ಲಿ ಇದ್ದವರಿಗೂ ಅದೇ ಪದ. ಅನೇಕ ಕಡೆ ಗಂಡ ಒಂದು ಕಡೆ, ಹೆಂಡತಿ ಒಂದು ಕಡೆ.

ಛತ್ರ ಅಂದರೆ ಕೇಳುವವರಿಗೆ ಪುಣ್ಯದ ಕೆಲಸ ಅನ್ನಿಸುತ್ತದೆ. ಆ ಪದ ಇಲ್ಲಿಗೆ ಹೊಂದಲ್ಲ.

ಭಾರತಿ_ಟೀಚರ್
ನೀವು ಹೇಳಿದ್ದು ಸರಿ ಇದೆ. ಆದರೆ "ನಿರ್ಗತಿಕರ ಕೇಂದ್ರ" ಅಂದರೆ ಸರ್ಕಾರಿ ಬೋರ್ಡ್ ಓದಿದ ಹಾಗಾಗುತ್ತದೆ. ಮಗುವಿಗೆ ಹೇಳೋಕೆ ಒಂದು ಮಾತು ಬೇಕಲ್ಲ.

ತುಂಗಾತೀರ
ಸುಮಾ ಅವರೇ ಮೊದಲ ಸಾಲಿನಲ್ಲಿ "ಬಡವರ ಮನೆ" ಅಂತ ಬರೆದಿದ್ದಾರೆ. ಅದೇ ಚೆನ್ನಾಗಿದೆ. ಅಲ್ಲಿನವರೂ ಅದನ್ನೇ ಅನ್ನುತ್ತಿದ್ದರು, ಪುವರ್‌ಹೌಸ್. ಹೊಲ ಇದ್ದರೆ ಪುವರ್ ಫಾರ್ಮ್.

ಒಕ್ಕಲ_ಮಗ
ನನಗೆ ಆಸಕ್ತಿ ಇರೋದು ಹೊಲದ ಲೆಕ್ಕದಲ್ಲಿ. ನಾನು ಹಾವೇರಿ ಕಡೆಯವನು, ಮನೆಯಲ್ಲಿ ಈಗಲೂ ಬೇಸಾಯ ಇದೆ. ಅದಕ್ಕೇ ಈ ಪುವರ್ ಫಾರ್ಮ್‌ಗಳ ಬಗ್ಗೆ ಸಿಕ್ಕಿದ್ದನ್ನೆಲ್ಲ ಓದಿದೆ.

ಮೊದಲು ಏನಿತ್ತು ಅಂದರೆ, ಬಡವರನ್ನು ಹರಾಜು ಹಾಕುತ್ತಿದ್ದರು. ನಿಜವಾಗಿಯೂ ಹರಾಜು. ಅಮೆರಿಕದ ಈಶಾನ್ಯ ಮೂಲೆಯ ನ್ಯೂ ಇಂಗ್ಲೆಂಡ್ ಮತ್ತು ನ್ಯೂಯಾರ್ಕ್ ಹಳ್ಳಿಗಳಲ್ಲಿ ವರ್ಷಕ್ಕೊಮ್ಮೆ ಜನ ಸೇರುತ್ತಿದ್ದರು. ಈ ಮುದುಕಿಯನ್ನು ಒಂದು ವರ್ಷ ಇಟ್ಟುಕೊಳ್ಳೋಕೆ ಯಾರು ಎಷ್ಟು ಕೇಳುತ್ತೀರಿ ಅಂತ ಸವಾಲು. ಎಲ್ಲರಿಗಿಂತ ಕಡಿಮೆ ದುಡ್ಡು ಕೇಳಿದವನಿಗೆ ಆಕೆ ಸಿಗುತ್ತಾಳೆ. ಕಡಿಮೆ ದುಡ್ಡಿಗೆ ಒಪ್ಪಿಕೊಂಡವನು ಕಡಿಮೆ ಊಟ ಹಾಕುತ್ತಾನೆ, ಜಾಸ್ತಿ ದುಡಿಸುತ್ತಾನೆ. ಅದರಲ್ಲಿ ಅನುಮಾನವೇ ಇಲ್ಲ.

1824ರಲ್ಲಿ ನ್ಯೂಯಾರ್ಕ್ ರಾಜ್ಯದ ಕಾರ್ಯದರ್ಶಿ ಯೇಟ್ಸ್ ಇದನ್ನೆಲ್ಲ ತನಿಖೆ ಮಾಡಿ ವರದಿ ಕೊಟ್ಟರು. ಹರಾಜು ಕ್ರೂರ, ಮನೆ ಬಾಗಿಲಿಗೆ ದುಡ್ಡು ಕೊಟ್ಟರೆ ಸೋಮಾರಿತನ ಬೆಳೆಯುತ್ತದೆ, ಅದಕ್ಕೆ ಪ್ರತಿ ಕೌಂಟಿಗೂ ಒಂದು ಮನೆ, ಜೊತೆಗೊಂದು ಹೊಲ ಇರಲಿ ಅಂತ. ಅದೇ ವರ್ಷ ಕಾನೂನೂ ಆಯಿತು. ನ್ಯೂಯಾರ್ಕ್‌ನಿಂದ ವಲಸೆ ಬಂದವರೇ ಮಿಷಿಗನ್ ತುಂಬಾ ಇದ್ದಿದ್ದು. ಅವರ ಜೊತೆ ಈ ಯೋಚನೆಯೂ ಬಂತು.

ಈಗ ಬೇಸಾಯದ ಮಾತು. ಕಾಗದದ ಮೇಲೆ ಲೆಕ್ಕ ಚೆನ್ನಾಗಿತ್ತು. ಬಡವರು ದುಡೀತಾರೆ, ಹೊಲ ಬೆಳೆಯುತ್ತದೆ, ಅದನ್ನೇ ಉಣ್ಣುತ್ತಾರೆ, ತೆರಿಗೆ ಕಟ್ಟುವವರಿಗೆ ಹೊರೆ ಇಲ್ಲ. ಆದರೆ ಅಲ್ಲಿ ಸೇರಿದವರು ಯಾರು? ಮುದುಕರು, ಕುರುಡರು, ಕಾಯಿಲೆಯವರು, ಬಸುರಿಯರು, ಬುದ್ಧಿ ಸ್ವಾಧೀನ ಇಲ್ಲದವರು, ಮಕ್ಕಳು. ಗಟ್ಟಿಮುಟ್ಟಾದ ಗಂಡಸರು ಬರುತ್ತಿದ್ದದ್ದು ಚಳಿಗಾಲದಲ್ಲಿ, ಹೊರಗೆ ಕೂಲಿ ಸಿಗದಾಗ. ಹಿಮ ಕರಗಿ ಉಳುಮೆ ಶುರುವಾಗುತ್ತಿದ್ದ ಹಾಗೇ ಅವರು ಕೂಲಿ ಹುಡುಕಿಕೊಂಡು ಹೊರಟುಬಿಡುತ್ತಿದ್ದರು. ಅಂದರೆ ಹೊಲಕ್ಕೆ ಕೈ ಬೇಕಾದಾಗ ಕೈ ಇಲ್ಲ, ಹೊಲ ಹೆಪ್ಪುಗಟ್ಟಿದಾಗ ಮನೆ ತುಂಬಾ ಜನ. ಎಷ್ಟೋ ಕೌಂಟಿಗಳು ಸಂಬಳ ಕೊಟ್ಟು ಆಳು ಇಟ್ಟುಕೊಳ್ಳಬೇಕಾಯಿತು.

ಬೇಸಾಯ ಮಾಡಿದವರನ್ನು ಯಾರಾದರೂ ಒಂದು ಮಾತು ಕೇಳಿದ್ದರೆ ಮೊದಲೇ ಹೇಳುತ್ತಿದ್ದರು.

ನಡುರಾತ್ರಿ_ಓದುಗ
ಇದು ಜೀತ. ಬೇರೆ ಹೆಸರು ಬೇಡ. ಸಂಬಳ ಇಲ್ಲದ ದುಡಿಮೆ, ಎಲ್ಲಿಗೂ ಹೋಗುವ ಹಾಗಿಲ್ಲ.

ಒಕ್ಕಲ_ಮಗ
ಜೀತ ಅನ್ನಬೇಡಿ. ಜೀತದಲ್ಲಿ ಸಾಲ ಇರುತ್ತದೆ, ಒಡೆಯ ಇರುತ್ತಾನೆ, ಮಗನ ಕಾಲಕ್ಕೂ ಅದು ಮುಂದುವರಿಯುತ್ತದೆ. ನಮ್ಮ ಕಡೆ ಅದನ್ನು ಅನುಭವಿಸಿದ ಮನೆಗಳಿವೆ. ಬಡವರ ಮನೆಯಿಂದ ಎದ್ದು ಹೋಗೋಕೆ ಅಡ್ಡಿ ಇರಲಿಲ್ಲ. ಹೋಗೋಕೆ ಜಾಗ ಇರಲಿಲ್ಲ, ಅದು ಬೇರೆ ಮಾತು.

ನಡುರಾತ್ರಿ_ಓದುಗ
ಹೋಗೋಕೆ ಜಾಗ ಇಲ್ಲ ಅಂದಮೇಲೆ ಬಾಗಿಲು ತೆರೆದಿದ್ದರೂ ಮುಚ್ಚಿದ್ದರೂ ಒಂದೇ ಅಲ್ವಾ ಸರ್? ಮಾನಸಿಕ ಕಾಯಿಲೆ ಇದ್ದವರಿಗಂತೂ ಎದ್ದು ಹೋಗುವ ಸ್ವಾತಂತ್ರ್ಯವೂ ಇರಲಿಲ್ಲ. ಎಲೋಯಿಸ್‌ನಲ್ಲಿ 1841ರಿಂದಲೇ ಅಂಥವರ ದಾಖಲೆ ಇದೆ. ದಶಕಗಟ್ಟಲೆ ಅಲ್ಲೇ ಇದ್ದು ಅಲ್ಲೇ ಸತ್ತವರಿದ್ದಾರೆ. ಅವರ ದುಡಿಮೆಯನ್ನು ಏನಂತ ಕರೀತೀರಿ?

ಒಕ್ಕಲ_ಮಗ
ಅವರ ವಿಷಯದಲ್ಲಿ ನಿಮ್ಮ ಮಾತು ಒಪ್ಪುತ್ತೇನೆ. ಅದನ್ನು ನಾನು ಯೋಚಿಸಿರಲಿಲ್ಲ.

ಪ್ರೇಮಾ_ನರ್ಸ್
ನಾನು ಇಲ್ಲಿ ಮೂವತ್ತು ವರ್ಷ ನರ್ಸ್ ಕೆಲಸ ಮಾಡಿ ನಿವೃತ್ತಳಾದವಳು. ಇಬ್ಬರ ಮಾತಿನ ನಡುವೆ ನಂದೊಂದು.

ಮಾನಸಿಕ ಕಾಯಿಲೆಯವರನ್ನು ಬಡವರ ಮನೆಗೆ ಯಾಕೆ ತಂದರು ಅಂದರೆ, ಅದಕ್ಕಿಂತ ಮುಂಚೆ ಅವರನ್ನು ಜೈಲಿನಲ್ಲಿ ಇಡುತ್ತಿದ್ದರು, ಇಲ್ಲವೇ ಮನೆಯವರೇ ಕೂಡಿಹಾಕುತ್ತಿದ್ದರು. 1843ರಲ್ಲಿ ಡೊರೊಥಿಯಾ ಡಿಕ್ಸ್ ಅನ್ನುವ ಶಿಕ್ಷಕಿ ಮ್ಯಾಸಚೂಸೆಟ್ಸ್‌ನ ಶಾಸನಸಭೆಗೆ ಒಂದು ಮನವಿ ಕೊಟ್ಟರು. ಊರೂರು ತಿರುಗಿ ಬಡವರ ಮನೆ, ಜೈಲು ಎಲ್ಲಾ ಕಣ್ಣಾರೆ ನೋಡಿ ಬರೆದದ್ದು. ನೆಲಮಾಳಿಗೆಯಲ್ಲಿ, ಪಂಜರದಲ್ಲಿ, ದನದ ಕೊಟ್ಟಿಗೆಯಲ್ಲಿ ಸರಪಳಿ ಹಾಕಿ ಇಟ್ಟಿದ್ದ ಜನರ ವಿವರ. ನಾನು ಓದುವಾಗ ಎರಡು ಸಲ ಪುಸ್ತಕ ಮುಚ್ಚಿಟ್ಟೆ.

ಅದೇ ಮ್ಯಾಸಚೂಸೆಟ್ಸ್‌ನ ಟ್ಯೂಕ್ಸ್‌ಬರಿಯಲ್ಲಿ ರಾಜ್ಯದ ಬಡವರ ಮನೆ ಇತ್ತು, 1854ರಲ್ಲಿ ತೆರೆದದ್ದು. ಹೆಲೆನ್ ಕೆಲ್ಲರ್‌ಗೆ ಪಾಠ ಹೇಳಿದ ಆ್ಯನ್ ಸಲ್ಲಿವನ್ ಹೆಸರು ಎಲ್ಲರಿಗೂ ಗೊತ್ತಲ್ಲ? ಆಕೆ ಇನ್ನೂ ಹತ್ತು ತುಂಬದ ಹುಡುಗಿಯಾಗಿ 1876ರಲ್ಲಿ ಅಲ್ಲಿಗೆ ಬಂದಳು. ಕಣ್ಣು ಸರಿಯಾಗಿ ಕಾಣುತ್ತಿರಲಿಲ್ಲ. ಜೊತೆಗೆ ತಮ್ಮ ಜಿಮ್ಮಿ. ಕೆಲವೇ ತಿಂಗಳಲ್ಲಿ ತಮ್ಮ ಅಲ್ಲೇ ತೀರಿಕೊಂಡ. 1880ರಲ್ಲಿ ರಾಜ್ಯದ ಅಧಿಕಾರಿ ಫ್ರ್ಯಾಂಕ್ ಸ್ಯಾನ್‌ಬಾರ್ನ್ ಪರಿಶೀಲನೆಗೆ ಬಂದಾಗ ಈ ಹುಡುಗಿ ನನ್ನನ್ನು ಶಾಲೆಗೆ ಕಳಿಸಿ ಅಂತ ಅವರನ್ನೇ ಕೇಳಿಕೊಂಡಳು. ಹಾಗೆ ಕುರುಡು ಮಕ್ಕಳ ಪರ್ಕಿನ್ಸ್ ಶಾಲೆಗೆ ಹೋದಳು.

ಸುಮಾ, ನಿಮ್ಮ ಮಗನಿಗೆ ಬೇಕಾದರೆ ಇಲ್ಲಿಂದ ಶುರು ಮಾಡಿ. ಹೆಚ್ಚು ಕಡಿಮೆ ಅವನ ವಯಸ್ಸಿನದೇ ಮಗು.

ಸುಮಾ_ಕ್ಯಾಂಟನ್
ಪ್ರೇಮಕ್ಕಾ, ಇವತ್ತು ರಾತ್ರಿಯೇ ಹೇಳುತ್ತೇನೆ. ಥ್ಯಾಂಕ್ಸ್.

ಮಿಷಿಗನ್‌ನಲ್ಲೂ ಮಕ್ಕಳನ್ನು ಹೀಗೇ ದೊಡ್ಡವರ ಜೊತೆ ಇಡುತ್ತಿದ್ದರಾ?

ಗಿರೀಶ_ನೋವಿ
ಮೊದಲು ಹೌದು. ಆದರೆ ಈ ವಿಷಯದಲ್ಲಿ ಮಿಷಿಗನ್ ಬೇರೆಯವರಿಗಿಂತ ಮುಂದೆ ಇತ್ತು. ಕೌಂಟಿಗಳ ಬಡವರ ಮನೆಗಳಲ್ಲಿದ್ದ ಮಕ್ಕಳಿಗೆ ಅಂತಲೇ ಕೋಲ್ಡ್‌ವಾಟರ್ ಊರಿನಲ್ಲಿ ರಾಜ್ಯ ಸರ್ಕಾರ ಒಂದು ಶಾಲೆ ಕಟ್ಟಿತು. 1871ರಲ್ಲಿ ಕಾನೂನು, 1874ರಲ್ಲಿ ಶಾಲೆ ಶುರು. ಅಲ್ಲಿ ಸ್ವಲ್ಪ ಕಾಲ ಇಟ್ಟುಕೊಂಡು, ಓದಿಸಿ, ಕುಟುಂಬಗಳಿಗೆ ಸಾಕೋಕೆ ಕೊಡುತ್ತಿದ್ದರು. ನ್ಯೂಯಾರ್ಕ್ ಮಕ್ಕಳನ್ನು ಬಡವರ ಮನೆಗಳಿಂದ ಹೊರಗೆ ತರುವ ಕಾನೂನು ಮಾಡಿದ್ದು 1875ರಲ್ಲಿ.

ಅಯೋವಾ_ಅನು
ನಾನಿರುವ ಅಯೋವಾ ಸಿಟಿಯಲ್ಲೂ ಒಂದಿದೆ! ಜಾನ್ಸನ್ ಕೌಂಟಿ ಪುವರ್ ಫಾರ್ಮ್, 1855ರದ್ದು. ಊರಿನ ಅಂಚಿನಲ್ಲೇ. ಹೊಲ ಇನ್ನೂ ಹೊಲವಾಗಿಯೇ ಉಳಿದಿದೆ. ಮಾನಸಿಕ ಕಾಯಿಲೆಯವರನ್ನು ಇಡುತ್ತಿದ್ದ ಹಳೇ ಮರದ ಕಟ್ಟಡದ ಒಂದು ಭಾಗವೂ ಉಳಿದಿದೆ.

ಒಳಗೆ ಹೋಗಿ ನೋಡಿದ್ದೇನೆ. ಒಂದೇ ಓಣಿ, ಎರಡೂ ಕಡೆ ಪುಟ್ಟ ಕೋಣೆಗಳು. ನಮ್ಮ ಊರಿನ ಮನೆಯ ದೇವರ ಕೋಣೆಗಿಂತ ಸ್ವಲ್ಪ ದೊಡ್ಡದು, ಅಷ್ಟೇ. ಬಾಗಿಲ ಚೌಕಟ್ಟಿನ ಮರವನ್ನು ಬೆರಳಿನಿಂದ ಮುಟ್ಟಿದೆ. ಒಂದು ಕಡೆ ನುಣ್ಣಗೆ ಸವೆದಿತ್ತು. ಎಷ್ಟು ಕೈ ಅಲ್ಲಿ ಹಿಡಿದು ನಿಂತಿರಬೇಕು ಅಂತ ಅನ್ನಿಸಿ ಮಾತು ಬರಲಿಲ್ಲ.

ಹೊರಗೆ ಬಂದರೆ ಬೇರೆಯೇ ಲೋಕ. ಅದೇ ಹೊಲದಲ್ಲಿ ಈಗ ಸಣ್ಣ ರೈತರಿಗೆ ಜಮೀನು ಕೊಡುತ್ತಾರೆ. ಬೇರೆ ಬೇರೆ ದೇಶಗಳಿಂದ ವಲಸೆ ಬಂದ ಕುಟುಂಬಗಳು ತಮ್ಮೂರಿನ ತರಕಾರಿ ಬೆಳೆಯುತ್ತವೆ. ನಾನು ಹೋದ ದಿನ ಒಬ್ಬ ಅಜ್ಜಿ ಬೆಂಡೆಕಾಯಿ ಕೀಳುತ್ತಿದ್ದರು. ಅವರ ಭಾಷೆ ನನಗೆ ಬರಲ್ಲ, ನನ್ನದು ಅವರಿಗೆ ಬರಲ್ಲ. ಎಳೇ ಕಾಯಿ ತುದಿ ಮುರಿದು ತೋರಿಸಿ ನಕ್ಕರು. ನಾನೂ ಒಂದು ಮುರಿದು ತೋರಿಸಿದೆ.

ರಾಗಿಮುದ್ದೆ
ಅನು ಅವರೇ, ಅಲ್ಲಿ ಬೆಂಡೆಕಾಯಿ ಅಷ್ಟು ಚೆನ್ನಾಗಿ ಬರುತ್ತಾ? ನಾನು ಮಿನ್ನೆಸೋಟದಲ್ಲಿ ಮೂರು ವರ್ಷದಿಂದ ಒದ್ದಾಡುತ್ತಿದ್ದೇನೆ. ಗಿಡ ಮೊಣಕಾಲು ದಾಟಲ್ಲ.

ಅಯೋವಾ_ಅನು
ಮೇ ಕೊನೆಗೆ ನೆಲ ಬೆಚ್ಚಗಾದ ಮೇಲೆ ಹಾಕಿ. ಬೀಜ ರಾತ್ರಿ ನೆನೆಸಿಡಿ. ಇದನ್ನು ಬೇರೆ ಚರ್ಚೆಯಲ್ಲಿ ಮಾತಾಡೋಣ, ಇಲ್ಲಿ ದಾರಿ ತಪ್ಪುತ್ತದೆ.

ಪೋರ್ಟ್‌ಲ್ಯಾಂಡ್_ಪ್ರಸಾದ
ಆರೆಗನ್‌ನ ಟ್ರೌಟ್‌ಡೇಲ್‌ನಲ್ಲಿ ಮಲ್ಟ್‌ನೋಮಾ ಕೌಂಟಿಯ ಪುವರ್ ಫಾರ್ಮ್ ಇತ್ತು, 1911ರಲ್ಲಿ ಶುರು. ಆಮೇಲೆ ವಯಸ್ಸಾದವರ ಶುಶ್ರೂಷಾ ಮನೆಯಾಗಿ 1982ರಲ್ಲಿ ಮುಚ್ಚಿತು. 1990ರಲ್ಲಿ ಅದನ್ನು ಖಾಸಗಿಯವರು ಕೊಂಡರು. ಈಗ ಅದು ಹೋಟೆಲ್, ದ್ರಾಕ್ಷಿ ತೋಟ, ಸಂಗೀತ ಕಾರ್ಯಕ್ರಮ. ಗೋಡೆಗಳ ಮೇಲೆ ಹಳೇ ದಿನಗಳ ಚಿತ್ರ ಬರೆಸಿದ್ದಾರೆ. ಬಿದ್ದು ಹೋಗುವ ಬದಲು ಹೀಗಾದರೂ ಉಳೀತು ಅನ್ನೋದು ನನ್ನ ಅಭಿಪ್ರಾಯ.

ಕಡಲೆಪುರಿ
ಒಂದು ವಿಷಯ ಯಾರೂ ಹೇಳಿಲ್ಲ. ಎಲೋಯಿಸ್‌ಗೆ ಹೆಸರು ಬಂದ ಅದೇ 1894ರಲ್ಲಿ ಡೆಟ್ರಾಯ್ಟ್‌ನಲ್ಲಿ ಇನ್ನೊಂದು ಪ್ರಯೋಗ ನಡೀತು. 1893ರಲ್ಲಿ ಬ್ಯಾಂಕುಗಳು ಬಿದ್ದವು, ಸಾವಿರಾರು ಜನರಿಗೆ ಕೆಲಸ ಹೋಯಿತು. ಆಗಿನ ಮೇಯರ್ ಹೇಝನ್ ಪಿಂಗ್ರೀ ಏನು ಮಾಡಿದರು ಗೊತ್ತಾ? ಊರಲ್ಲಿ ಖಾಲಿ ಬಿದ್ದಿದ್ದ ಸೈಟುಗಳನ್ನು ಮಾಲೀಕರಿಂದ ಕೇಳಿ ಪಡೆದು ಬಡವರಿಗೆ ಆಲೂಗಡ್ಡೆ ಬೆಳೆಯೋಕೆ ಕೊಟ್ಟರು. ಚಂದಾ ಸಾಲದೇ ಹೋದಾಗ ತಮ್ಮ ಕುದುರೆಯನ್ನೇ ಹರಾಜಿಗಿಟ್ಟರು. ಮೊದಲ ವರ್ಷವೇ ಸುಮಾರು 430 ಎಕರೆ, 945 ಕುಟುಂಬ.

ಬಡವನನ್ನು ಮನೆ ಬಿಡಿಸಿ ಕೌಂಟಿಯ ಹೊಲಕ್ಕೆ ತರೋದು ಒಂದು ದಾರಿ. ಬಡವನ ಮನೆ ಹತ್ತಿರವೇ ತುಂಡು ನೆಲ ಕೊಡೋದು ಇನ್ನೊಂದು ದಾರಿ. ಬೆಳೆದದ್ದು ಅವನದೇ, ಹೆಂಡತಿ ಮಕ್ಕಳು ಜೊತೆಯಲ್ಲೇ, ಕೆಲಸ ಸಿಕ್ಕಿದ ದಿನ ಹೋಗಬಹುದು. ಒಂದೇ ಕೌಂಟಿಯಲ್ಲಿ, ಒಂದೇ ವರ್ಷದಲ್ಲಿ ಎರಡೂ ಇದ್ದವು. ಯಾವುದು ಹೆಚ್ಚು ಕಾಲ ಉಳೀತು ನೋಡಿ. ನನಗೆ ಇದು ತುಂಬಾ ನೋವು ಕೊಡುವ ವಿಷಯ.

ಒಕ್ಕಲ_ಮಗ
ಪಿಂಗ್ರೀ ವಿಷಯ ಭಾಳ ಚೆನ್ನಾಗಿದೆ. ಆದರೆ ಕಡಲೆಪುರಿಯವರೇ, ಎಂಬತ್ತು ವರ್ಷದ ಒಂಟಿ ಮುದುಕನಿಗೆ ತುಂಡು ನೆಲ ಕೊಟ್ಟರೆ ಏನು ಮಾಡುತ್ತಾನೆ? ಗುದ್ದಲಿ ಎತ್ತಬೇಕಲ್ಲ. ಇಬ್ಬರ ಕಷ್ಟ ಬೇರೆ ಬೇರೆ.

ಕಡಲೆಪುರಿ
ಆ ಮುದುಕನಿಗೆ ಪಿಂಚಣಿ ಕೊಡಬೇಕಿತ್ತು. ಅದಕ್ಕೆ 1935ರ ತನಕ ಕಾಯಬೇಕಾಯಿತು.

ಗಿರೀಶ_ನೋವಿ
ಹೌದು, ಬಡವರ ಮನೆಗಳನ್ನು ಮುಚ್ಚಿಸಿದ್ದೇ ಅದು. 1935ರ ಸೋಷಿಯಲ್ ಸೆಕ್ಯುರಿಟಿ ಕಾನೂನು. ಅದರಲ್ಲಿ ಬಡ ಮುದುಕರಿಗೆ ಸಹಾಯಧನ ಇತ್ತು, ಆದರೆ ಸರ್ಕಾರಿ ಸಂಸ್ಥೆಯೊಳಗೆ ಇರುವವರಿಗೆ ಇಲ್ಲ. ದುಡ್ಡು ಬೇಕಾದರೆ ಬಡವರ ಮನೆ ಬಿಟ್ಟು ಹೊರಗೆ ಬರಬೇಕು. ಬರೋಕಾಗುವವರು ಬಂದರು. ಮಗಳ ಮನೆಗೋ, ಬಾಡಿಗೆ ಕೋಣೆಗೋ, ಖಾಸಗಿ ಶುಶ್ರೂಷಾ ಮನೆಗೋ ಹೋದರು. ಏಳೋಕೂ ಆಗದವರು ಒಳಗೇ ಉಳಿದರು. ಹಾಗಾಗಿ ಬಡವರ ಮನೆ ನಿಧಾನಕ್ಕೆ ಆಸ್ಪತ್ರೆಯಾಯಿತು. 1950ರಲ್ಲಿ ಆ ನಿಯಮ ಸಡಿಲ ಮಾಡಿದರು.

ಎಲೋಯಿಸ್‌ನಲ್ಲೂ ಇದೇ ಆಗಿದ್ದು. ಹೊಲ ನಿಂತದ್ದು 1958ರಲ್ಲಿ. ಮಾನಸಿಕ ವಿಭಾಗ ಸುಮಾರು 1980ರ ಹೊತ್ತಿಗೆ ಖಾಲಿ. ಆಸ್ಪತ್ರೆ 1984ರಲ್ಲಿ ಮುಚ್ಚಿತು. 75ಕ್ಕೂ ಹೆಚ್ಚು ಕಟ್ಟಡಗಳಲ್ಲಿ ಉಳಿದಿರೋದು ಬೆರಳೆಣಿಕೆಯಷ್ಟು. ಸುಮಾ ಅವರು ನೋಡುವ ಕಟ್ಟಡ ಆಡಳಿತ ಕಚೇರಿ ಇದ್ದದ್ದು, 1931ರ ಹೊತ್ತಿನದು.

ಹಾಸನದ_ಹುಡುಗ
ನಮ್ಮ ಕಡೆ ಆಸ್ತಿ ತೆರಿಗೆ ಕಟ್ಟುವಾಗ ರಸೀದಿಯಲ್ಲಿ ಭಿಕ್ಷುಕರ ಕರ ಅಂತ 3% ಇರುತ್ತದಲ್ಲ, ಅದೂ ಇದೇ ಥರದ್ದಾ? ಮಾಗಡಿ ರಸ್ತೆಯ ನಿರಾಶ್ರಿತರ ಪರಿಹಾರ ಕೇಂದ್ರ ನೋಡಿದ್ದೇನೆ, ಅಲ್ಲೂ ಜಮೀನಿದೆ.

ತುಂಗಾತೀರ
ಯೋಚನೆ ಹತ್ತಿರದ್ದೇ. 1975ರ ಭಿಕ್ಷಾಟನೆ ನಿಷೇಧ ಕಾಯ್ದೆ ಕೆಳಗೆ ನಡೆಯೋದು ಅದು. ಭಿಕ್ಷೆ ಬೇಡುವವರನ್ನು ಹಿಡಿದು ತಂದು ಇಡುತ್ತಾರೆ, ಊಟ, ಬಟ್ಟೆ, ಕೆಲಸ ಕಲಿಸೋದು. 3% ಕರ ಅದಕ್ಕೇ. ಆದರೆ ಅಲ್ಲಿಗೆ ಬರುವವರು ತಾವಾಗಿ ಬಂದವರಲ್ಲ, ಅದು ದೊಡ್ಡ ವ್ಯತ್ಯಾಸ. ನಾನು ನಗರಸಭೆಯಲ್ಲಿ...

ನಿರ್ವಾಹಕ
ಬೆಂಗಳೂರಿನ ಕೇಂದ್ರದ ಬಗ್ಗೆ ಹೊಸ ಚರ್ಚೆ ತೆರೆಯಿರಿ, ಬಹಳ ಜನ ಭಾಗವಹಿಸುತ್ತಾರೆ. ಇಲ್ಲಿ ಎಲೋಯಿಸ್ ಮತ್ತು ಅಲ್ಲಿನ ಪುವರ್ ಫಾರ್ಮ್‌ಗಳ ಮಾತು ಮುಂದುವರಿಯಲಿ.

ಲಿವೋನಿಯಾ_ಲಕ್ಷ್ಮಣ
ದೆವ್ವದ ಮನೆ ವಿಷಯಕ್ಕೆ ಬರುತ್ತೇನೆ. ಮಕ್ಕಳು ಖುಷಿಗೆ ಹೋಗುತ್ತಾರೆ, ಕಿರುಚುತ್ತಾರೆ, ಬರುತ್ತಾರೆ. ಅದನ್ನು ಇಷ್ಟು ದೊಡ್ಡದು ಮಾಡಬೇಕಾ? ಟಿಕೆಟ್ ದುಡ್ಡಿನಿಂದ ಕಟ್ಟಡವಾದರೂ ಉಳಿಯುತ್ತದೆ. ಕೌಂಟಿಯ ಕೈಯಲ್ಲಿದ್ದಾಗ ಮಳೆ ಸೋರುತ್ತಿತ್ತು.

ಪ್ರೇಮಾ_ನರ್ಸ್
ಲಕ್ಷ್ಮಣ, ಮಕ್ಕಳು ಕಿರುಚಲಿ, ಬೇಡ ಅನ್ನಲ್ಲ. ಬೇರೆ ಎಲ್ಲಾದರೂ ಕಿರುಚಲಿ. ನಾನು ಮಾನಸಿಕ ವಾರ್ಡಿನಲ್ಲಿ ಏಳು ವರ್ಷ ಇದ್ದೆ. ರೋಗಿ ಅಂದರೆ ಹೆದರಿಸುವ ವಸ್ತು ಅಂತ ಒಂದು ಸಲ ಮಗುವಿನ ತಲೆಗೆ ಹೋದರೆ, ಮುಂದೆ ಅದರ ಮನೆಯಲ್ಲೇ ಯಾರಿಗಾದರೂ ಕಾಯಿಲೆ ಬಂದಾಗ ಹೇಳಿಕೊಳ್ಳೋಕೆ ನಾಚುತ್ತದೆ. ಇದನ್ನು ಎಷ್ಟು ಮನೆಗಳಲ್ಲಿ ನೋಡಿದ್ದೇನೆ ಅಂತ ಲೆಕ್ಕ ಇಟ್ಟಿಲ್ಲ.

ಸತ್ತವರ ವಿಷಯವೂ ಹಾಗೆಯೇ. ಆ ಕಾಲದಲ್ಲಿ ಬಡವರ ಮನೆಯಲ್ಲಿ ಸತ್ತು, ಯಾರೂ ಬಂದು ಕೇಳದಿದ್ದರೆ ದೇಹವನ್ನು ವೈದ್ಯಕೀಯ ಕಾಲೇಜುಗಳಿಗೆ ಕೊಡೋಕೆ ಅನೇಕ ರಾಜ್ಯಗಳಲ್ಲಿ ಕಾನೂನೇ ಇತ್ತು. ಟ್ಯೂಕ್ಸ್‌ಬರಿಯಲ್ಲಿ ಹೆಣಗಳನ್ನು ಮಾರಿದ್ದಾರೆ ಅನ್ನುವ ಆರೋಪದ ಮೇಲೆ 1883ರಲ್ಲಿ ಗವರ್ನರ್ ಬೆಂಜಮಿನ್ ಬಟ್ಲರ್ ತನಿಖೆ ನಡೆಸಿದರು. ಬದುಕಿದ್ದಾಗ ಅವರು ಹೆದರಿದ್ದೇ ಇದಕ್ಕೆ. ಮಣ್ಣಾದರೂ ಸಿಗುತ್ತಾ ಅಂತ.

ಲಿವೋನಿಯಾ_ಲಕ್ಷ್ಮಣ
ಅಕ್ಕಾ, ನೀವು ಹೇಳಿದ ಮೇಲೆ ಇನ್ನೊಂದು ಸಲ ಯೋಚಿಸಬೇಕು ಅನ್ನಿಸುತ್ತಿದೆ. ಕಟ್ಟಡ ಉಳಿಯೋಕೆ ದುಡ್ಡು ಬೇಕು ಅನ್ನುವ ಮಾತು ಮಾತ್ರ ನಾನು ಬಿಡಲ್ಲ.

ಪೋರ್ಟ್‌ಲ್ಯಾಂಡ್_ಪ್ರಸಾದ
ಅದನ್ನು ನಾನೂ ಬಿಡಲ್ಲ. ಆದರೆ ಒಳಗೆ ಹೋಗುವ ಮುಂಚೆ ಒಂದು ಕೋಣೆಯಲ್ಲಿ ಅಲ್ಲಿನ ನಿಜವಾದ ಚರಿತ್ರೆ ಇಡಬಹುದು ಅಲ್ವಾ.

ಗಿರೀಶ_ನೋವಿ
ಸಮಾಧಿಯ ಬಗ್ಗೆ ನಾನು ನೋಡಿದ್ದನ್ನು ಹೇಳುತ್ತೇನೆ.

ಹೋದ ವಸಂತದಲ್ಲಿ ಹೋಗಿದ್ದೆ. ರಸ್ತೆಯಿಂದ ನೋಡಿದರೆ ಬರೀ ಹುಲ್ಲು, ಅಲ್ಲಲ್ಲಿ ಮರ. ಸ್ಮಶಾನ ಅಂತ ಗೊತ್ತೇ ಆಗಲ್ಲ. ಕಾಲ ಕೆಳಗೆ ಏನೋ ಗಟ್ಟಿ ಸಿಕ್ಕಿತು. ಬಗ್ಗಿ ಹುಲ್ಲು ಸರಿಸಿದೆ. ಇಟ್ಟಿಗೆಯಷ್ಟು ಕಾಂಕ್ರೀಟ್ ತುಂಡು, ನೆಲದ ಮಟ್ಟಕ್ಕೆ ಹೂತುಹೋಗಿದೆ. ಮೇಲಿನ ಮಣ್ಣನ್ನು ಕೀಲಿಕೈ ತುದಿಯಿಂದ ಬಿಡಿಸಿದೆ. ಮೊದಲು 4 ಕಂಡಿತು, ಆಮೇಲೆ 1, ಆಮೇಲೆ ಪಾಚಿ ಕಟ್ಟಿದ ಇನ್ನೊಂದು ಅಂಕಿ. ನಾಲ್ಕನೆಯದು ಪೂರ್ತಿ ಸವೆದು ಹೋಗಿತ್ತು. ಅಂದರೆ ಹತ್ತು ಜನರಲ್ಲಿ ಯಾರು ಬೇಕಾದರೂ ಆಗಿರಬಹುದು.

ಅಲ್ಲಿ ಹೂಳಿದ್ದು 1910ರಿಂದ 1948ರವರೆಗೆ. ಸ್ವಯಂಸೇವಕರು ವರ್ಷಗಟ್ಟಲೆ ಕೂತು ಮರಣ ದಾಖಲೆಗಳನ್ನು ಓದಿ ಹೆಸರುಗಳನ್ನು ಒಂದೊಂದಾಗಿ ಹುಡುಕುತ್ತಿದ್ದಾರೆ. ಮುತ್ತಜ್ಜ ಎಲ್ಲಿ ಹೋದರು ಅಂತಲೇ ಗೊತ್ತಿರದ ಮನೆಯವರಿಗೆ ಹಾಗೆ ಗೊತ್ತಾಗಿದೆ.

ರಾಗಿಮುದ್ದೆ
ಅಂಕಿ ಸವೆದು ಹೋಗಿತ್ತು ಅನ್ನೋದು ಓದಿ ಎದೆ ಭಾರ ಆಯಿತು.

ನಡುರಾತ್ರಿ_ಓದುಗ
ಹಂದಿಗೂ ದನಕ್ಕೂ ಲೆಕ್ಕ ಸರಿಯಾಗಿ ಇಟ್ಟಿದ್ದಾರೆ. ವರ್ಷದ ವರದಿಗಳಲ್ಲಿ ಎಷ್ಟು ಕ್ವಾರ್ಟ್ ಹಾಲು, ಎಷ್ಟು ಬುಶೆಲ್ ಆಲೂಗಡ್ಡೆ, ಎಷ್ಟು ಪೌಂಡ್ ಹಂದಿ ಮಾಂಸ ಅಂತ ಬರೆಯೋದು ಎಲ್ಲಾ ಪುವರ್ ಫಾರ್ಮ್‌ಗಳ ವಾಡಿಕೆ. ಮನುಷ್ಯರ ಹೆಸರು ಕಲ್ಲಿನ ಮೇಲೆ ಬರೆಯೋಕೆ ಮಾತ್ರ ಜಾಗ ಸಿಗಲಿಲ್ಲ.

ಒಕ್ಕಲ_ಮಗ
ಆ ಲೆಕ್ಕವನ್ನು ನಾನು ಹಗುರ ಮಾಡಲ್ಲ. ಅದನ್ನು ಬರೆದಿದ್ದರಿಂದಲೇ ಅವರು ಏನು ಬೆಳೆದರು ಅಂತ ಇವತ್ತು ನಮಗೆ ಗೊತ್ತಾಗೋದು. ಮೂಳೆ ಕೊರೆಯುವ ಚಳಿಗೆ ಗೆಡ್ಡೆಗಳನ್ನು ನೆಲಮಾಳಿಗೆಯಲ್ಲಿ ಇಟ್ಟು ಕಾಪಾಡುತ್ತಿದ್ದರು, ನಮ್ಮ ಹಗೇವಿನ ಥರ. ಹಗೇವಿನಲ್ಲಿ ಜೋಳ, ಅಲ್ಲಿ ಆಲೂಗಡ್ಡೆ, ಕ್ಯಾರೆಟ್, ಟರ್ನಿಪ್. ಅದನ್ನು ತುಂಬಿದವರು ಯಾರೋ ಇದ್ದರಲ್ಲ. ಅವರಿಗೆ ಕೆಲಸ ಗೊತ್ತಿತ್ತು. ಬರೀ ಪಾಪದ ಜನ ಅಂತ ನೋಡಿದರೆ ಆ ಕೈಚಳಕ ಕಾಣದೇ ಹೋಗುತ್ತದೆ.

ನಡುರಾತ್ರಿ_ಓದುಗ
ಒಪ್ಪಿದೆ. ಇದನ್ನು ನೀವೇ ಹೇಳಬೇಕಿತ್ತು.

ಸುಮಾ_ಕ್ಯಾಂಟನ್
ಎಲ್ಲರಿಗೂ ತುಂಬಾ ಥ್ಯಾಂಕ್ಸ್. ಮಗನಿಗೆ ಆ್ಯನ್ ಮತ್ತು ಜಿಮ್ಮಿ ಕಥೆ ಹೇಳಿದೆ. ಸುಮಾರು ಹೊತ್ತು ಏನೂ ಮಾತಾಡಲಿಲ್ಲ. ಆಮೇಲೆ ಗಿರೀಶ್ ಬರೆದದ್ದನ್ನು ಓದಿ ಹೇಳಿದೆ. "35 ಜನ ಹೋದ್ರು, 111 ಜನ ಹೋಗಲ್ಲ ಅಂದ್ರು. ಆ 111 ಜನ ಆಮೇಲೆ ಎಲ್ಲಿಗೆ ಹೋದ್ರು?" ಅಂತ ಕೇಳಿದ. ನನ್ನ ಹತ್ತಿರ ಉತ್ತರ ಇರಲಿಲ್ಲ. ಟಿಕೆಟ್ ವಿಷಯ ಅವನೇ ಬಿಟ್ಟ. ನಾನು ಬೇಡ ಅಂತ ಹೇಳಲೇ ಇಲ್ಲ.

ಭಾನುವಾರ ಮೈಸೂರಿನಿಂದ ನಮ್ಮ ಅತ್ತೆ ಫೋನ್ ಮಾಡಿದಾಗ ಅಜ್ಜಿಗೆ ಪೂರ್ತಿ ಕಥೆ ಹೇಳಿದ. "ಬಡವರ ಮನೆ" ಅಂತಲೇ ಹೇಳಿದ, ಟೀಚರ್ ಮತ್ತು ತುಂಗಾತೀರ ಅವರಿಗೆ ತಿಳಿಸುತ್ತಿದ್ದೇನೆ. ಅತ್ತೆ ಎಲ್ಲಾ ಕೇಳಿಸಿಕೊಂಡು ಒಂದೇ ಪ್ರಶ್ನೆ ಕೇಳಿದರು. "ಅಷ್ಟು ಜನಕ್ಕೆ ಊಟಕ್ಕೆ ಏನು ಹಾಕ್ತಿದ್ರಪ್ಪಾ? ಬಿಸಿಬಿಸಿ ಕೊಡ್ತಿದ್ರಾ?"

ಗಿರೀಶ್, ಒಕ್ಕಲಮಗ, ಯಾರಿಗಾದರೂ ಗೊತ್ತಾ? ಅವನು ಅಜ್ಜಿಗೆ ಮುಂದಿನ ಭಾನುವಾರ ಹೇಳ್ತೀನಿ ಅಂತ ಮಾತು ಕೊಟ್ಟಿದ್ದಾನೆ.

ಒಕ್ಕಲ_ಮಗ
ಹೊಲದ್ದೇ ಊಟ. ಆಲೂಗಡ್ಡೆ, ಎಲೆಕೋಸು, ಒಣ ಬೀನ್ಸ್ ಕಾಳು, ಹಂದಿ ಮಾಂಸ, ಹಾಲು. ಬ್ರೆಡ್ಡು ಅಲ್ಲಿನ ಬೇಕರಿಯಲ್ಲೇ ಸುಟ್ಟದ್ದು. ಬೇಕರಿ ಒಳಗೇ ಇತ್ತು ಅಂದಮೇಲೆ ಬ್ರೆಡ್ಡಾದರೂ ಬಿಸಿ ಇದ್ದಿರಬೇಕು ಅಂತ ಅಜ್ಜಿಗೆ ಹೇಳೋಕೆ ಹೇಳಿ.